ಜೇಡಿಮಣ್ಣಿನ ಮೇಲೆ ಹದಿನಾರು ಅಂತಸ್ತು: ವಾಸ್ತುಶಿಲ್ಪಿ ಜಾನ್ ವೆಲ್‌ಬಾರ್ನ್ ರೂಟ್

ಗೋಡೆಯ ಕೆಲಸವೇನು? ಪ್ರಶ್ನೆ ಬಹು ಸುಲಭವಾದುದೆಂದು ತೋರುತ್ತದೆ. ಗೋಡೆಯು ಗಾಳಿ, ಮಳೆ, ಬಿಸಿಲುಗಳನ್ನು ತಡೆಯುತ್ತದೆ. ಇದು ಒಂದು ಕೆಲಸ. ತನ್ನ ಮೇಲಿರುವ ಮಾಳಿಗೆಯನ್ನೂ ಛಾವಣಿಯನ್ನೂ ಹೊರುತ್ತದೆ; ಇದು ಇನ್ನೊಂದು ಕೆಲಸ. ಮನುಷ್ಯನು ಮಣ್ಣನ್ನು ಕಲಸಿ ಗೋಡೆಯೆಬ್ಬಿಸಲು ಕಲಿತ ಕಾಲದಿಂದ ಸಾವಿರಾರು ವರ್ಷ ಈ ಎರಡು ಕೆಲಸಗಳನ್ನೂ ಬಹುಮಟ್ಟಿಗೆ ಒಂದೇ ಗೋಡೆ ಮಾಡಿಕೊಂಡು ಬಂದಿತು. ಇಂದಿನ ನಗರಗಳ ಎತ್ತರದ ಕಟ್ಟಡಗಳಲ್ಲಿ ಹಾಗಲ್ಲ. ಅಲ್ಲಿ ಹೊರುವ ಕೆಲಸವನ್ನು ಉಕ್ಕಿನ ಅಥವಾ ಕಾಂಕ್ರೀಟಿನ ಹಂದರವು ವಹಿಸಿಕೊಂಡಿದೆ. ಹೊರಗಿನ ಗೋಡೆಯು ನಾವು ಮೈಗೆ ಹೊದೆಯುವ ಬಟ್ಟೆಯಂತೆ ಬರಿಯ ಹೊದಿಕೆಯಾಗಿದೆ.

ಈ ದೊಡ್ಡ ಬದಲಾವಣೆ ಹತ್ತು ಹದಿನೈದು ವರ್ಷಗಳಲ್ಲಿ, ಮುಖ್ಯವಾಗಿ ಅಮೆರಿಕದ ಷಿಕಾಗೊ ನಗರದಲ್ಲಿ ನಡೆಯಿತು. ಹೊರುವ ಗೋಡೆಯನ್ನು ಅದರ ಶಕ್ತಿಯ ಕೊನೆಯ ಎಲ್ಲೆಯವರೆಗೆ ಒಯ್ದವನೂ, ಅದೇ ವೇಳೆಯಲ್ಲಿ ಅದನ್ನು ಅನಾವಶ್ಯಕಗೊಳಿಸಿದ ಹಂದರವನ್ನು ನಿಲ್ಲಿಸಿದವನೂ ಒಬ್ಬನೇ ಶಿಲ್ಪಿ ಎಂಬುದು ಆ ಕಥೆಯ ವಿಶೇಷ. ಅವನೇ ಜಾನ್ ವೆಲ್‌ಬಾರ್ನ್ ರೂಟ್. ಅವನು ಬಾಳಿದ್ದು ನಲವತ್ತೊಂದು ವರ್ಷ. ಅದರಲ್ಲಿ ಸ್ವತಂತ್ರವಾಗಿ ಕಟ್ಟಡಗಳನ್ನು ರಚಿಸಿದ್ದು ಹದಿನೆಂಟು ವರ್ಷಕ್ಕಿಂತಲೂ ಕಡಿಮೆ. ಅಷ್ಟರಲ್ಲಿ ಅವನು ಎದುರಿಸಿದ ಪ್ರಶ್ನೆಗಳೇನು, ಅವನು ಕಂಡುಕೊಂಡ ಉತ್ತರಗಳೇನು ಎಂಬುದನ್ನು ಈ ಲೇಖನದಲ್ಲಿ ನೋಡೋಣ.

ಬೆಂದು ಹೋದ ನಗರ

1871ರ ಅಕ್ಟೋಬರ್ 8ರ ರಾತ್ರಿ ಷಿಕಾಗೊ ನಗರದಲ್ಲಿ ಬೆಂಕಿ ಹುಟ್ಟಿತು. ಮನೆಗಳು ಬಹುಪಾಲು ಮರದವು. ಕಾಲುದಾರಿಗಳಿಗೆ ಹಾಸಿದ್ದುದೂ ಮರದ ಹಲಗೆಯೇ. ಬೇಸಗೆ ಒಣಗಿಸಿದ ಆ ಊರನ್ನು ಬೀಸುಗಾಳಿಯೊಡಗೂಡಿದ ಬೆಂಕಿಯು 10ನೆಯ ತಾರೀಕಿನವರೆಗೂ ಸುಟ್ಟಿತು. ಸುಮಾರು 300 ಜನರು ಮಡಿದರು. ಸುಮಾರು 1,00,000 ಜನರು ಮನೆಮಠಗಳನ್ನು ಕಳೆದುಕೊಂಡರು. ಊರಿನ ಒಟ್ಟು ಜನಸಂಖ್ಯೆಯೇ ಆಗ 3,00,000ದಷ್ಟಿತ್ತೆಂಬುದನ್ನು ನೆನೆದರೆ ಅನಾಹುತದ ಪ್ರಮಾಣ ತಿಳಿಯುತ್ತದೆ.

ಆದರೆ ರೈಲುದಾರಿಗಳೂ ಸರೋವರದ ಹಡಗುಗಳೂ ಕೂಡುವ ಆ ಸ್ಥಳವನ್ನು ವ್ಯಾಪಾರವು ಬಿಡುವಂತಿರಲಿಲ್ಲ. ಸುಟ್ಟ ನೆಲದ ಮೇಲೆ ಊರು ಮತ್ತೆ ಎದ್ದಿತು. ನಡುಪೇಟೆಯ ನೆಲದ ಬೆಲೆ ಏರುತ್ತ ಹೋಯಿತು. ನೆಲಕ್ಕೆ ಹೆಚ್ಚು ಹಣ ಕೊಟ್ಟವನು ಅದೇ ನೆಲದ ಮೇಲೆ ಹೆಚ್ಚು ಕೋಣೆಗಳನ್ನು ಬಯಸುವುದು ಸಹಜ. ಹಿಂದೆಯಾಗಿದ್ದರೆ ಐದಾರು ಅಂತಸ್ತುಗಳ ಮೇಲೆ ಹತ್ತುವವರೇ ಇರುತ್ತಿರಲಿಲ್ಲ. ಅಷ್ಟರಲ್ಲಿ ಹಗ್ಗ ಕಡಿದರೂ ಕೆಳಗೆ ಬೀಳದಂತಹ ಲಿಫ್ಟು ಬಳಕೆಗೆ ಬಂದಿತ್ತು. ಬೆಸೆಮರ್ ವಿಧಾನದಿಂದ ಉಕ್ಕು ಅಗ್ಗವಾಗುತ್ತಿತ್ತು. ಎತ್ತರಕ್ಕೆ ಏರಬೇಕೆಂಬ ಆಸೆಗೂ ಏರುವ ಸಾಧನಕ್ಕೂ ಕೊರತೆಯಿರಲಿಲ್ಲ. ಇದ್ದ ತೊಡಕುಗಳು ಎರಡು: ಒಂದು ಬೆಂಕಿಯ ಭಯ, ಇನ್ನೊಂದು ಕಾಲಡಿಯ ನೆಲ.

ಶಿಲ್ಪಿಯ ಶಿಕ್ಷಣ

ಜಾನ್ ರೂಟನು 1850ರ ಜನವರಿ 10ರಂದು ಜಾರ್ಜಿಯ ಸಂಸ್ಥಾನದ ಲಂಪ್ಕಿನ್ ಎಂಬ ಊರಿನಲ್ಲಿ ಹುಟ್ಟಿದನು. ತಂದೆ ಸಿಡ್ನಿ ರೂಟ್ ಅಟ್ಲಾಂಟ ನಗರದಲ್ಲಿ ದೊಡ್ಡ ವರ್ತಕ. ಅಮೆರಿಕದ ಅಂತರ್ಯುದ್ಧದಲ್ಲಿ 1864ರಲ್ಲಿ ಅಟ್ಲಾಂಟವು ಉತ್ತರದ ಸೈನ್ಯದ ವಶವಾದಾಗ ತಂದೆಯು ಹುಡುಗನನ್ನು ಹಡಗಿನಲ್ಲಿ ಇಂಗ್ಲೆಂಡಿನ ಲಿವರ್‌ಪೂಲಿಗೆ ಕಳುಹಿಸಿದನು. ರೂಟನು ಅಲ್ಲಿನ ಶಾಲೆಯಲ್ಲಿ ಓದಿದನು, ಸಂಗೀತವನ್ನೂ ಕಲಿತನು. ಪಿಯಾನೊ ನುಡಿಸುವ ಹವ್ಯಾಸ ಅವನನ್ನು ಕೊನೆಯವರೆಗೂ ಬಿಡಲಿಲ್ಲ.

ಯುದ್ಧ ಮುಗಿದ ಮೇಲೆ ಹಿಂದಿರುಗಿ, ನ್ಯೂಯಾರ್ಕ್ ವಿಶ್ವವಿದ್ಯಾನಿಲಯದಲ್ಲಿ ಸಿವಿಲ್ ಎಂಜಿನಿಯರಿಂಗ್ ಓದಿ 1869ರಲ್ಲಿ ಪದವಿ ಪಡೆದನು. ಈ ವಿಷಯವನ್ನು ನಾವು ಗಮನದಲ್ಲಿಟ್ಟುಕೊಳ್ಳಬೇಕು. ಆ ಕಾಲದ ವಾಸ್ತುಶಿಲ್ಪಿಗಳಲ್ಲಿ ಅನೇಕರು ಚಿತ್ರಕಲೆಯ ದಾರಿಯಿಂದ ಬಂದವರು. ಕಟ್ಟಡದ ಹೊರರೂಪ ಅವರಿಗೆ ಮುಖ್ಯ. ರೂಟನಾದರೋ ಭಾರ, ಒತ್ತಡ, ಬಾಗುವಿಕೆಗಳ ಲೆಕ್ಕವನ್ನು ಮೊದಲು ಕಲಿತು, ಆಮೇಲೆ ರೂಪದ ಕಡೆಗೆ ತಿರುಗಿದವನು. ಪದವಿಯ ನಂತರ ಜೇಮ್ಸ್ ರೆನ್ವಿಕ್ ಎಂಬ ಪ್ರಸಿದ್ಧ ಶಿಲ್ಪಿಯ ಕಚೇರಿಯಲ್ಲಿ ಸಂಬಳವಿಲ್ಲದೆ ದುಡಿದನು.

ಬೆಂಕಿಯ ಸುದ್ದಿ ಕೇಳಿ ದೇಶದ ನಾನಾ ಭಾಗಗಳ ಶಿಲ್ಪಿಗಳು ಷಿಕಾಗೊ ನಗರಕ್ಕೆ ಧಾವಿಸಿದರು. ಅವರಲ್ಲಿ ರೂಟನೂ ಒಬ್ಬ. ಅವನು ನಕ್ಷೆಗಾರನಾಗಿ ಸೇರಿದ ಕಚೇರಿಯಲ್ಲಿ ಪೀಟರ್ ವೈಟ್ ಎಂಬ ಅನುಭವಸ್ಥನಿದ್ದನು. ಕಬ್ಬಿಣವು ಉರಿಯುವುದಿಲ್ಲವಾದರೂ ಉರಿಯ ಕಾವಿಗೆ ಬಲಗುಂದಿ ಬಾಗುತ್ತದೆ; ಆದುದರಿಂದ ಕಬ್ಬಿಣದ ಕಂಬಗಳನ್ನು ಬೆಂಕಿ ತಾಕದ ಸುಟ್ಟ ಮಣ್ಣಿನ ಹೆಂಚುಗಳಿಂದ ಮುಚ್ಚಬೇಕೆಂಬುದು ಅವನು ಸಾಧಿಸಿ ತೋರಿಸಿದ ಸಂಗತಿ. ಮೇಲೆ ಹೇಳಿದ ಎರಡು ತೊಡಕುಗಳಲ್ಲಿ ಮೊದಲನೆಯದಕ್ಕೆ ಹೀಗೆ ಪರಿಹಾರ ದೊರೆಯಿತು.

ಅದೇ ಕಚೇರಿಯಲ್ಲಿ ರೂಟನಿಗೆ ಡೇನಿಯಲ್ ಬರ್ನ್‌ಹ್ಯಾಮ್ ಎಂಬ ತರುಣನ ಸ್ನೇಹವಾಯಿತು. 1873ರಲ್ಲಿ ಇಬ್ಬರೂ ಸೇರಿ ಸ್ವಂತ ಕಚೇರಿ ತೆರೆದರು. ಬರ್ನ್‌ಹ್ಯಾಮನು ಜನರನ್ನು ಒಲಿಸಬಲ್ಲ, ಕೆಲಸವನ್ನು ಹಂಚಿ ನಡೆಸಬಲ್ಲ ಗಟ್ಟಿಗ. ರೂಟನು ರೇಖೆ ಎಳೆದು ಲೆಕ್ಕ ಹಾಕುವವನು.

ಕಾಲಡಿಯ ನೆಲ

ಇನ್ನು ಎರಡನೆಯ ತೊಡಕಿಗೆ ಬರೋಣ. ಮಿಷಿಗನ್ ಸರೋವರದ ದಡದಲ್ಲಿರುವ ಷಿಕಾಗೊ ನಗರದ ನಡುಪೇಟೆಯ ಅಡಿಯಲ್ಲಿರುವುದು ನೀರು ತುಂಬಿದ ಮೆತ್ತನೆಯ ಜೇಡಿಮಣ್ಣು. ಗಟ್ಟಿಯಾದ ಬಂಡೆ ಸಿಗಬೇಕಾದರೆ ನೂರಡಿಗೂ ಹೆಚ್ಚು ಆಳಕ್ಕೆ ಹೋಗಬೇಕು. ಅಷ್ಟು ಆಳಕ್ಕೆ ಅಸ್ತಿಭಾರವನ್ನಿಳಿಸುವ ಕ್ರಮವು ಆಗ ಅಲ್ಲಿ ಇನ್ನೂ ರೂಢಿಗೆ ಬಂದಿರಲಿಲ್ಲ. ಕೆಸರಿನಂತಹ ನೆಲದ ಮೇಲೆಯೇ ಕಟ್ಟಡವನ್ನು ನಿಲ್ಲಿಸಬೇಕಾಗಿತ್ತು.

ಇದರ ತತ್ತ್ವವನ್ನು ತಿಳಿಯಲು ವಿದ್ಯಾರ್ಥಿಗಳು ಒಂದು ಸಣ್ಣ ಪ್ರಯೋಗ ಮಾಡಬಹುದು. 9 ಅಂಗುಲ ಉದ್ದ, 4½ ಅಂಗುಲ ಅಗಲ, 3 ಅಂಗುಲ ದಪ್ಪದ ಒಂದು ಇಟ್ಟಿಗೆಯನ್ನು ಮೆತ್ತನೆಯ ಕೆಸರಿನ ಮೇಲೆ ನೆಟ್ಟಗೆ ನಿಲ್ಲಿಸಿ, ಅದು ಹೂತುಕೊಳ್ಳುತ್ತದೆ. ಅದೇ ಇಟ್ಟಿಗೆಯನ್ನು ಮಲಗಿಸಿ ಇಡಿ. ಅದು ಅಷ್ಟಾಗಿ ಹೂಳುವುದಿಲ್ಲ. ಇಟ್ಟಿಗೆಯ ತೂಕ ಎರಡು ಸಲವೂ ಒಂದೇ. ಆದರೆ ನಿಂತಾಗ ಆ ತೂಕವನ್ನು 13½ ಚದರ ಅಂಗುಲ ನೆಲ ಹೊತ್ತಿತು; ಮಲಗಿದಾಗ 40½ ಚದರ ಅಂಗುಲ ನೆಲ ಹೊತ್ತಿತು. ನೆಲದ ಪ್ರತಿ ಚದರ ಅಂಗುಲಕ್ಕೆ ಬಿದ್ದ ಒತ್ತಡ ಮೂರರಲ್ಲೊಂದು ಭಾಗಕ್ಕೆ ಇಳಿಯಿತು. ಭಾರವನ್ನು ಕಡಿಮೆ ಮಾಡಲಾಗದಿದ್ದರೆ ಅದನ್ನು ಹರಡಬೇಕು ಎಂಬುದೇ ಮೆತ್ತನೆಯ ನೆಲದ ಮೊದಲ ಪಾಠ.

ಈಗ ಎತ್ತರದ ಗೋಡೆಯ ಲೆಕ್ಕವನ್ನು ನೋಡೋಣ. ಒಂದು ಘನ ಮೀಟರ್ ಇಟ್ಟಿಗೆ ಕಟ್ಟಡದ ತೂಕ ಸುಮಾರು 1,900 ಕಿಲೋಗ್ರಾಂ. 66 ಮೀಟರ್ ಎತ್ತರದ, ಒಂದೇ ದಪ್ಪದ ಗೋಡೆಯನ್ನು ಎಬ್ಬಿಸಿದರೆ ಅದರ ಬುಡದಲ್ಲಿ ಪ್ರತಿ ಚದರ ಮೀಟರಿಗೆ ಬೀಳುವ ಒತ್ತಡ 66 × 1,900, ಅಂದರೆ ಸುಮಾರು 1,25,000 ಕಿಲೋಗ್ರಾಂ. ಗೋಡೆಯನ್ನು ದಪ್ಪ ಮಾಡಿದರೂ ಈ ಅಂಕಿ ಕಡಿಮೆಯಾಗದು. ಏಕೆಂದರೆ ದಪ್ಪದೊಡನೆ ತೂಕವೂ ಅಷ್ಟೇ ಹೆಚ್ಚುತ್ತದೆ. ಷಿಕಾಗೊ ನಗರದ ಜೇಡಿಮಣ್ಣಿನ ಮೇಲೆ ಆಗಿನ ಎಂಜಿನಿಯರುಗಳು ಹೊರಿಸಲು ಒಪ್ಪುತ್ತಿದ್ದುದು ಚದರ ಮೀಟರಿಗೆ ಸುಮಾರು 15,000ದಿಂದ 20,000 ಕಿಲೋಗ್ರಾಂ ಮಾತ್ರ. ಅಂದರೆ ಮಾಳಿಗೆಗಳ ತೂಕವನ್ನು ಸೇರಿಸದೆಯೇ, ಅಸ್ತಿಭಾರವು ಗೋಡೆಗಿಂತ ಆರೆಂಟು ಪಟ್ಟು ಅಗಲವಾಗಿರಬೇಕಾಯಿತು.

ಇದರ ಜೊತೆಗೆ ಇನ್ನೊಂದು ವಿಚಾರವಿದೆ. ಅಂತಹ ನೆಲದಲ್ಲಿ ಕಟ್ಟಡವು ಸ್ವಲ್ಪವೂ ಕುಸಿಯದಂತೆ ಮಾಡುವುದು ಅಸಾಧ್ಯ. ಕುಸಿದರೂ ಎಲ್ಲ ಕಡೆಯೂ ಸಮನಾಗಿ ಕುಸಿಯಬೇಕು. ಒಂದು ಮೂಲೆ ಎರಡು ಅಂಗುಲ, ಇನ್ನೊಂದು ಮೂಲೆ ಆರು ಅಂಗುಲ ಇಳಿದರೆ ಗೋಡೆ ಬಿರಿಯುತ್ತದೆ. ಇಲ್ಲವೆ ಪೀಸಾ ನಗರದ ಗೋಪುರದಂತೆ ಕಟ್ಟಡ ವಾಲುತ್ತದೆ. ಫ್ರೆಡರಿಕ್ ಬೌಮನ್ ಎಂಬುವನು 1873ರಲ್ಲಿ ಈ ವಿಷಯವಾಗಿ ಒಂದು ಚಿಕ್ಕ ಪುಸ್ತಕ ಬರೆದನು. ಉದ್ದಕ್ಕೂ ಒಂದೇ ಅಸ್ತಿಭಾರವನ್ನು ಹಾಕದೆ ಪ್ರತಿಯೊಂದು ಕಂಬಕ್ಕೂ ಬೇರೆ ಬೇರೆ ಪಾದ ಹಾಕಬೇಕು. ಪ್ರತಿ ಪಾದದ ವಿಸ್ತೀರ್ಣವು ಅದು ಹೊರುವ ಭಾರಕ್ಕೆ ತಕ್ಕ ಪ್ರಮಾಣದಲ್ಲಿರಬೇಕು. ಹಾಗೆ ಮಾಡಿದರೆ ಎಲ್ಲ ಪಾದಗಳೂ ಒಟ್ಟಾಗಿ ಇಳಿಯುತ್ತವೆ ಎಂಬುದು ಅವನ ಸೂತ್ರ. ಷಿಕಾಗೊ ನಗರದ ಶಿಲ್ಪಿಗಳಿಗೆ ಅದು ಕೈದೀಪವಾಯಿತು.

ಕಂಬಿಗಳ ಜಾಲರಿ

ಭಾರವನ್ನು ಹರಡಬೇಕು ಎಂದರಷ್ಟೇ ಸಾಲದು, ಹರಡುವುದು ಯಾವುದರಿಂದ? ಮೊದಲು ಇದಕ್ಕೆ ದೊಡ್ಡ ಕಲ್ಲುಗಳನ್ನು ಉಪಯೋಗಿಸುತ್ತಿದ್ದರು. ಆದರೆ ಕಲ್ಲಿನ ಸ್ವಭಾವದಲ್ಲೇ ಒಂದು ದೋಷವಿದೆ. ಅದುಮಿದರೆ ಅದು ಎಷ್ಟೋ ಭಾರವನ್ನು ತಡೆಯುತ್ತದೆ. ಬಾಗಿಸಿದರೆ ಬೇಗನೆ ಮುರಿಯುತ್ತದೆ. ಕಂಬದ ಬುಡದಿಂದ ಹೊರಕ್ಕೆ ಚಾಚಿದ ಕಲ್ಲನ್ನು ಕೆಳಗಿನ ನೆಲವು ಮೇಲಕ್ಕೆ ಒತ್ತುತ್ತದೆ. ಆಗ ಆ ಕಲ್ಲು ಬಾಗಲು ಹವಣಿಸುತ್ತದೆ, ಅದರ ಅಡಿಭಾಗವು ಹಿಗ್ಗಲು ಹೋಗಿ ಬಿರಿಯುತ್ತದೆ. ಆದ್ದರಿಂದ ಕಲ್ಲನ್ನು ಸ್ವಲ್ಪ ಸ್ವಲ್ಪವೇ ಹೊರಕ್ಕೆ ಚಾಚುತ್ತ, ಮೆಟ್ಟಿಲು ಮೆಟ್ಟಿಲಾಗಿ ಅಗಲಿಸುತ್ತ ಬರಬೇಕು. ಹೀಗಾಗಿ ಪ್ರತಿ ಕಂಬದ ಕೆಳಗೂ ಕಲ್ಲಿನ ಒಂದು ಪಿರಮಿಡ್ಡು ಏಳುತ್ತಿತ್ತು. ಅದರ ತೂಕವೂ ನೆಲದ ಮೇಲೆಯೇ ಬೀಳುತ್ತಿತ್ತು. ಬಾಯ್ಲರು, ಯಂತ್ರಗಳನ್ನು ಇಡಬೇಕಾದ ನೆಲಮಾಳಿಗೆಯ ಜಾಗವನ್ನೂ ಅದು ನುಂಗುತ್ತಿತ್ತು.

ಪೀಟರ್ ಬ್ರೂಕ್ಸ್ ಮತ್ತು ಷೆಪರ್ಡ್ ಬ್ರೂಕ್ಸ್ ಎಂಬ ಬಾಸ್ಟನ್ ನಗರದ ಸಹೋದರರು ಷಿಕಾಗೊ ನಗರದ ಕಟ್ಟಡಗಳಲ್ಲಿ ಹಣ ಹೂಡುತ್ತಿದ್ದರು. ಅವರಿಗಾಗಿ 1882–83ರಲ್ಲಿ ಹತ್ತು ಅಂತಸ್ತುಗಳ ಮಾಂಟಾಕ್ ಕಟ್ಟಡವನ್ನು ಕಟ್ಟುವಾಗ ರೂಟನಿಗೆ ಈ ಸಮಸ್ಯೆ ನೇರವಾಗಿ ಎದುರಾಯಿತು. ಅವನ ಉತ್ತರ ಬಹು ಸರಳ. ರೈಲುದಾರಿಯ ಕಂಬಿಗಳನ್ನು ಒಂದರ ಪಕ್ಕದಲ್ಲೊಂದಾಗಿ ಸಾಲಾಗಿ ಹಾಸುವುದು. ಅವುಗಳ ಮೇಲೆ ಅಡ್ಡಲಾಗಿ ಇನ್ನೊಂದು ಸಾಲು. ಅದರ ಮೇಲೆ ಮತ್ತೊಂದು. ಈ ಜಾಲರಿಯನ್ನೆಲ್ಲ ಕಾಂಕ್ರೀಟಿನಲ್ಲಿ ಮುಳುಗಿಸಿಬಿಡುವುದು. ಕಂಬಿಯು ಎಳೆತವನ್ನೂ ಬಾಗುವಿಕೆಯನ್ನೂ ತಡೆಯಬಲ್ಲುದು. ಆದುದರಿಂದ ಅದನ್ನು ಕಲ್ಲಿಗಿಂತ ಎಷ್ಟೋ ದೂರ ಹೊರಕ್ಕೆ ಚಾಚಬಹುದು. ಕಾಂಕ್ರೀಟು ಅದುಮುವ ಭಾರವನ್ನು ತಡೆಯುವುದಲ್ಲದೆ ಕಂಬಿಗೆ ತುಕ್ಕು ಹಿಡಿಯದಂತೆ ಕಾಯುತ್ತದೆ. ಎತ್ತರದ ಪಿರಮಿಡ್ಡು ಮಾಡುತ್ತಿದ್ದ ಕೆಲಸವನ್ನು ಎರಡಡಿಗೂ ಕಡಿಮೆ ದಪ್ಪದ ತೆಪ್ಪವು ಮಾಡಿತು.

ಇಂದು ಎಲ್ಲೆಲ್ಲಿಯೂ ಬಳಕೆಯಲ್ಲಿರುವ ಉಕ್ಕು ಹುದುಗಿಸಿದ ಕಾಂಕ್ರೀಟಿನ ತತ್ತ್ವಕ್ಕೂ ಇದಕ್ಕೂ ಹತ್ತಿರದ ನೆಂಟಸ್ತಿಕೆಯಿದೆ: ಎಳೆತಕ್ಕೆ ಉಕ್ಕು, ಅದುಮುವಿಕೆಗೆ ಕಾಂಕ್ರೀಟು.

ಗೋಡೆಯೋ ಹಂದರವೋ

1888ರಲ್ಲಿ ಮುಗಿದ ರೂಕರಿ ಕಟ್ಟಡದಲ್ಲಿ ರೂಟನು ಈ ಜಾಲರಿಯನ್ನು ವಿಸ್ತಾರವಾಗಿ ಬಳಸಿದನು. ಈ ಕಟ್ಟಡವು ಇನ್ನೊಂದು ಕಾರಣದಿಂದಲೂ ಗಮನಾರ್ಹ. ಬೀದಿಯ ಕಡೆಯ ಹೊರಗೋಡೆಗಳು ಕಲ್ಲು ಇಟ್ಟಿಗೆಗಳವು; ಅವು ಹಳೆಯ ಕ್ರಮದಂತೆ ಭಾರ ಹೊರುತ್ತವೆ. ಕಟ್ಟಡದ ನಡುವೆ ಬೆಳಕಿಗಾಗಿ ಒಂದು ತೆರೆದ ಅಂಗಳವಿದೆ. ಆ ಅಂಗಳದ ಕಡೆಯ ಗೋಡೆಗಳನ್ನು ಹೊತ್ತಿರುವುದು ಕಬ್ಬಿಣದ ಹಂದರ. ಅಂಗಳದ ಕೆಳಭಾಗಕ್ಕೆ ಗಾಜಿನ ಛಾವಣಿ ಹಾಕಿ ರೂಟನು ಬೆಳಕು ತುಂಬಿದ ಸಭಾಂಗಣವನ್ನು ನಿರ್ಮಿಸಿದನು. 1905ರಲ್ಲಿ ಫ್ರಾಂಕ್ ಲಾಯ್ಡ್ ರೈಟನು ಅದರ ಒಳಾಲಂಕಾರವನ್ನು ಬದಲಾಯಿಸಿದನು. ಕಟ್ಟಡವು ಇಂದಿಗೂ ಬಳಕೆಯಲ್ಲಿದೆ. ಹಳೆಯ ವಿಧಾನವೂ ಹೊಸ ವಿಧಾನವೂ ಅಲ್ಲಿ ಒಂದೇ ಸೂರಿನಡಿ ಒಕ್ಕಲಿವೆ.

ಹಂದರವನ್ನು ಹೊರಗೋಡೆಗೂ ವಿಸ್ತರಿಸಿದ ಕೀರ್ತಿಯನ್ನು ಸಾಮಾನ್ಯವಾಗಿ ವಿಲಿಯಂ ಲ ಬ್ಯಾರನ್ ಜೆನ್ನಿ ಎಂಬ ಎಂಜಿನಿಯರಿಗೆ ಕೊಡುತ್ತಾರೆ. ಅವನು 1885ರಲ್ಲಿ ಮುಗಿಸಿದ ಹೋಂ ಇನ್‌ಶೂರೆನ್ಸ್ ಕಟ್ಟಡದಲ್ಲಿ ಹೊರಗೋಡೆಯ ಭಾರವನ್ನೂ ಬಹುಪಾಲು ಲೋಹದ ಹಂದರಕ್ಕೆ ಒಪ್ಪಿಸಿದನು. 1931ರಲ್ಲಿ ಅದನ್ನು ಕೆಡವುವಾಗ ಪರೀಕ್ಷಿಸಿದವರಿಗೆ ಕೆಲವು ಭಾಗಗಳಲ್ಲಿ ಗೋಡೆಯೇ ಭಾರ ಹೊರುತ್ತಿದ್ದುದು ಕಂಡುಬಂದಿತು. ಅದೇ ಮೊದಲನೆಯದೇ ಎಂಬ ವಾದ ಇನ್ನೂ ನಿಂತಿಲ್ಲ. ವಿಜ್ಞಾನದಲ್ಲಿ ಅನೇಕ ಹೊಸ ವಿಚಾರಗಳು ಹೀಗೆಯೇ ಬರುತ್ತವೆ. ಒಂದೇ ದಿನ, ಒಬ್ಬನೇ ವ್ಯಕ್ತಿಯಿಂದ ಅಲ್ಲ.

ರೂಟನು ಈ ಹೊಸ ದಾರಿಯಲ್ಲಿ ಹಿಂದುಳಿಯಲಿಲ್ಲ. ಅವನೂ ಬರ್ನ್‌ಹ್ಯಾಮನೂ ರಚಿಸಿದ, 1890ರಲ್ಲಿ ಮುಗಿದ ರ್‍ಯಾಂಡ್ ಮೆಕ್‌ನಾಲಿ ಕಟ್ಟಡದ ಹಂದರವು ಪೂರ್ತಿಯಾಗಿ ಉಕ್ಕಿನದು. 1892ರಲ್ಲಿ ಪೂರ್ಣವಾದ ಅವರ ಮೇಸಾನಿಕ್ ಟೆಂಪಲ್ ಕಟ್ಟಡವು ಇಪ್ಪತ್ತೊಂದು ಅಂತಸ್ತು, 302 ಅಡಿ ಎತ್ತರಕ್ಕೆ ಏರಿತು. ಇವೆರಡೂ ಈಗ ಉಳಿದಿಲ್ಲ. ಮೊದಲನೆಯದನ್ನು 1911ರಲ್ಲಿಯೂ ಎರಡನೆಯದನ್ನು 1939ರಲ್ಲಿಯೂ ಕೆಡವಿದರು.

ಮೊನಾಡ್‌ನಾಕ್

ಇಷ್ಟೆಲ್ಲ ಹೊಸ ವಿಧಾನಗಳನ್ನು ಬಲ್ಲವನ ಕೈಯಲ್ಲಿ ಹಳೆಯ ವಿಧಾನದ ಅತಿ ದೊಡ್ಡ ಸಾಹಸವೂ ನಡೆಯಿತು. ಬ್ರೂಕ್ಸ್ ಸಹೋದರರು ಇನ್ನೊಂದು ಕಟ್ಟಡಕ್ಕಾಗಿ ಕೇಳಿದರು. ಅದಕ್ಕೆ ನ್ಯೂ ಹ್ಯಾಂಪ್‌ಷೈರಿನ ಒಂದು ಬೆಟ್ಟದ ಹೆಸರಾದ ಮೊನಾಡ್‌ನಾಕ್ ಎಂಬ ಹೆಸರಾಯಿತು. ಕಟ್ಟಡವು ಇಟ್ಟಿಗೆಯದಾಗಿರಬೇಕು, ಹೊರಗೆ ಚಾಚಿದ ಅಲಂಕಾರಗಳು ಧೂಳಿಗೂ ಹಕ್ಕಿಗಳಿಗೂ ನೆಲೆಯಾಗುವುದರಿಂದ ಅವು ಕೂಡದು ಎಂಬುದು ಅವರ ಅಪೇಕ್ಷೆ. ರೂಟನ ಮೊದಲ ನಕ್ಷೆಗಳನ್ನು ಅವರ ಪ್ರತಿನಿಧಿ ಓವೆನ್ ಆಲ್ಡಿಸನು ಅಲಂಕಾರ ಹೆಚ್ಚೆಂದು ಹಿಂದಿರುಗಿಸಿದನು.

ರೂಟನ ನಾದಿನಿ, ಕವಯಿತ್ರಿ ಹ್ಯಾರಿಯೆಟ್ ಮನ್ರೊ 1896ರಲ್ಲಿ ಅವನ ಜೀವನಚರಿತ್ರೆಯನ್ನು ಬರೆದಳು. ಮುಂದಿನ ಪ್ರಸಂಗವನ್ನು ಅವಳೇ ಹೇಳಿದ್ದಾಳೆ. ರೂಟನು ಊರಿನಲ್ಲಿಲ್ಲದಾಗ ಬರ್ನ್‌ಹ್ಯಾಮನು ಕಚೇರಿಯ ನಕ್ಷೆಗಾರನೊಬ್ಬನಿಂದ ಯಾವ ಅಲಂಕಾರವೂ ಇಲ್ಲದ ನೇರವಾದ ಮುಖಭಾಗವನ್ನು ಬರೆಯಿಸಿಟ್ಟನು. ಹಿಂದಿರುಗಿ ಬಂದ ರೂಟನು ಆ ಇಟ್ಟಿಗೆಯ ಪೆಟ್ಟಿಗೆಯನ್ನು ಕಂಡು ಮೊದಲು ಸಿಟ್ಟಾದನು. ಬರಬರುತ್ತ ಅದೇ ವಿಚಾರವು ಅವನನ್ನು ಹಿಡಿಯಿತು. ಈಜಿಪ್ಟಿನ ಪಿರಮಿಡ್ಡಿನ ಇಳಿಜಾರಾದ ಭಾರಿ ರೇಖೆಗಳು ಮನಸ್ಸಿನಲ್ಲಿ ನೆಲೆಸಿದವು. ಒಂದೂ ಅಲಂಕಾರವಿಲ್ಲದೆಯೇ ಕಟ್ಟುವೆನೆಂದು ಅವನೇ ಆಲ್ಡಿಸನಿಗೆ ತಿಳಿಸಿದನು.

ಹದಿನಾರು ಅಂತಸ್ತು, 215 ಅಡಿ ಎತ್ತರ. ಗೋಡೆಯ ದಪ್ಪವೆಷ್ಟಿರಬೇಕು? ಆಗಿನ ರೂಢಿಯ ಲೆಕ್ಕದಂತೆ ಎಲ್ಲಕ್ಕೂ ಮೇಲಿನ ಅಂತಸ್ತಿಗೆ 12 ಅಂಗುಲ. ಅದರಿಂದ ಕೆಳಗಿಳಿದಂತೆಲ್ಲ ಅಂತಸ್ತಿಗೆ 4 ಅಂಗುಲ ಹೆಚ್ಚು. ಹದಿನಾರು ಅಂತಸ್ತಿಗೆ 12 + (15 × 4) = 72 ಅಂಗುಲ. ಮೊನಾಡ್‌ನಾಕ್ ಕಟ್ಟಡದ ಬುಡದಲ್ಲಿ ಗೋಡೆಯ ದಪ್ಪ ಸರಿಯಾಗಿ ಅಷ್ಟೇ, ಆರು ಅಡಿ. ಎತ್ತರದ ಒಬ್ಬ ಮನುಷ್ಯ ಅಡ್ಡ ಮಲಗಿದರೆ ಆ ಗೋಡೆಯ ದಪ್ಪದೊಳಗೆ ಅಡಗಿಹೋಗುತ್ತಾನೆ.

ಈ ದಪ್ಪವನ್ನು ರೂಟನು ಮರೆಮಾಚಲಿಲ್ಲ. ಬುಡದಲ್ಲಿ ಗೋಡೆಯು ಹೊರಕ್ಕೆ ಬಾಗಿ ನೆಲವನ್ನು ಭದ್ರವಾಗಿ ತುಳಿಯುತ್ತದೆ. ಮೇಲೇರಿದಂತೆ ಒಳಸರಿದು, ತುದಿಯಲ್ಲಿ ಮತ್ತೆ ಮೆಲ್ಲನೆ ಹೊರಕ್ಕೆ ಅರಳುತ್ತದೆ. ಮೂಲೆಗಳ ಹರಿತವು ಕ್ರಮವಾಗಿ ದುಂಡಾಗುತ್ತದೆ. ಅದಕ್ಕಾಗಿ ಇಟ್ಟಿಗೆಗಳನ್ನು ಬೇರೆ ಅಚ್ಚುಗಳಲ್ಲಿ ಹೊಯ್ಯಿಸಬೇಕಾಯಿತು. ಹೊರಚಾಚಿದ ಕಿಟಕಿಗಳ ಸಾಲುಗಳು ದಪ್ಪಗೋಡೆಯ ಒಳಗಿನ ಕೋಣೆಗಳಿಗೆ ಬೆಳಕನ್ನು ಸೆಳೆಯುತ್ತವೆ. ಭಾರವು ಹರಿದುಬರುವ ದಾರಿಯೇ ಕಟ್ಟಡದ ರೂಪವಾಯಿತು. ಅದೇ ಅಲಂಕಾರವೂ ಆಯಿತು. ಒಳಗಿನ ಮೆಟ್ಟಿಲುಗಳಲ್ಲಿ, ಆಗ ತೀರ ಹೊಸದಾಗಿದ್ದ ಅಲ್ಯೂಮಿನಿಯಂ ಲೋಹವನ್ನು ಬಳಸಿದರು. ಕಟ್ಟಡದಲ್ಲಿ ಆ ಲೋಹವನ್ನು ಉಪಯೋಗಿಸಿದ ಮೊದಲ ಉದಾಹರಣೆಗಳಲ್ಲಿ ಇದೂ ಒಂದು.

ಭಾರದಷ್ಟೇ ಗಾಳಿಯೂ ಮುಖ್ಯ. ಈ ಕಟ್ಟಡದ ಅಗಲ 70 ಅಡಿಗಿಂತ ಕಡಿಮೆ. ಎತ್ತರ ಅದರ ಮೂರು ಪಟ್ಟಿಗೂ ಹೆಚ್ಚು. ಅಗಲವಾದ ಬದಿಗೆ ಬಡಿಯುವ ಗಾಳಿ ಅದನ್ನು ಉರುಳಿಸಲು ನೂಕುತ್ತದೆ. ಒಂದು ಪುಸ್ತಕವನ್ನು ಮೇಜಿನ ಮೇಲೆ ನೆಟ್ಟಗೆ ನಿಲ್ಲಿಸಿ ಅದರ ಮುಖಕ್ಕೆ ಊದಿದರೆ ಈ ಮಾತು ಅರ್ಥವಾಗುತ್ತದೆ. ಇದನ್ನು ತಡೆಯಲು ರೂಟನು ಒಳಗೆ ಅಡ್ಡಡ್ಡಲಾಗಿ ಲೋಹದ ಕಂಬ ತೊಲೆಗಳನ್ನು ಬಿಗಿದು, ಬಾಗಿಲ ಚೌಕಟ್ಟಿನಂತಹ ಗಟ್ಟಿಯಾದ ಕಟ್ಟುಗಳನ್ನು ನಿಲ್ಲಿಸಿದನು. ಅಮೆರಿಕದ ಕಟ್ಟಡಗಳಲ್ಲಿ ಗಾಳಿಯನ್ನು ಈ ಕ್ರಮದಿಂದ ಎದುರಿಸಿದವುಗಳಲ್ಲಿ ಇದು ಬಹು ಮೊದಲಿನದು. ಹೊರಗೆ ಹಳೆಯ ಕಾಲದ ಗೋಡೆ. ಅದರೊಳಗೆ ಮುಂದಿನ ಕಾಲದ ಎಲುಬು.

ಅಕಾಲ ಮರಣ

1890ರಲ್ಲಿ ಷಿಕಾಗೊ ನಗರಕ್ಕೆ ಇನ್ನೊಂದು ದೊಡ್ಡ ಹೊಣೆ ಬಂದಿತು. ಕೊಲಂಬಸನು ಅಮೆರಿಕವನ್ನು ಮುಟ್ಟಿದ ನಾಲ್ಕುನೂರನೆಯ ವರ್ಷದ ನೆನಪಿಗಾಗಿ ಅಲ್ಲಿ ಜಾಗತಿಕ ವಸ್ತುಪ್ರದರ್ಶನ ನಡೆಯಬೇಕೆಂದು ತೀರ್ಮಾನವಾಗಿ, ರೂಟನು ಅದರ ಸಲಹೆಗಾರ ಶಿಲ್ಪಿಯಾದನು. 1893ರಲ್ಲಿ ಸ್ವಾಮಿ ವಿವೇಕಾನಂದರು ಭಾಷಣ ಮಾಡಿದ ಸರ್ವಧರ್ಮ ಸಮ್ಮೇಳನವು ಸೇರಿದ್ದು ಇದೇ ಪ್ರದರ್ಶನದ ಸಂದರ್ಭದಲ್ಲಿ.

1891ರ ಜನವರಿಯಲ್ಲಿ ಪೂರ್ವದ ನಗರಗಳ ಪ್ರಸಿದ್ಧ ಶಿಲ್ಪಿಗಳು ಸಮಾಲೋಚನೆಗಾಗಿ ಬಂದರು. ರೂಟನು ಅವರನ್ನು ತನ್ನ ಮನೆಗೆ ಕರೆದು ಸತ್ಕರಿಸಿದನು. ಅವರನ್ನು ಬೀಳ್ಕೊಡಲು ಮೇಲಂಗಿಯಿಲ್ಲದೆ ಕೊರೆಯುವ ಚಳಿಯಲ್ಲಿ ಹೊರಗೆ ಹೋದನು. ನ್ಯುಮೋನಿಯ ಹಿಡಿಯಿತು. ಜನವರಿ 15ರಂದು ತೀರಿಕೊಂಡನು. ನಲವತ್ತೊಂದು ವರ್ಷ ತುಂಬಿ ಐದು ದಿನಗಳಷ್ಟೇ ಆಗಿದ್ದವು. ಆ ಕಾಯಿಲೆಗೆ ನಾಟುವ ಮದ್ದು ಆಗ ಇರಲಿಲ್ಲ. ಪೆನಿಸಿಲಿನ್ ವೈದ್ಯರ ಕೈಗೆ ಬಂದದ್ದು ಅರ್ಧ ಶತಮಾನದ ನಂತರ.

ಪ್ರದರ್ಶನದ ಕಟ್ಟಡಗಳನ್ನು ಬರ್ನ್‌ಹ್ಯಾಮನು ಇತರ ಶಿಲ್ಪಿಗಳ ನೆರವಿನಿಂದ ಪೂರೈಸಿದನು. ಮೊನಾಡ್‌ನಾಕ್ ಕಟ್ಟಡವು ಅದೇ 1891ರಲ್ಲಿ ಮುಗಿಯಿತು. ಪೂರ್ತಿಯಾದ ಅದನ್ನು ಅದರ ಶಿಲ್ಪಿ ನೋಡಲಿಲ್ಲ.

ಕುಸಿತವು ಹೇಳುವ ಪಾಠ

1893ರಲ್ಲಿ ಮೊನಾಡ್‌ನಾಕ್ ಕಟ್ಟಡದ ದಕ್ಷಿಣಕ್ಕೆ ಅದನ್ನೇ ಮುಂದುವರಿಸಿ ಇನ್ನೊಂದು ಭಾಗ ಕಟ್ಟಿದರು. ಅದನ್ನು ರಚಿಸಿದವರು ಹೊಲಾಬರ್ಡ್ ಮತ್ತು ರೋಷ್ ಎಂಬ ಶಿಲ್ಪಿಗಳು; ಅಲ್ಲಿ ಭಾರವನ್ನು ಮುಖ್ಯವಾಗಿ ಹೊರುವುದು ಉಕ್ಕಿನ ಹಂದರ. ಒಂದೇ ಬೀದಿಯಲ್ಲಿ, ಒಂದೇ ಹೆಸರಿನಲ್ಲಿ, ಅಕ್ಕಪಕ್ಕದಲ್ಲಿ ಎರಡು ಯುಗಗಳು ನಿಂತಿವೆ. ಹೊಸ ಭಾಗದಲ್ಲಿ ಕಂಬಗಳು ಸಣ್ಣ, ಕಿಟಕಿಗಳು ಅಗಲ, ಬಾಡಿಗೆಗೆ ದೊರೆಯುವ ಜಾಗ ಹೆಚ್ಚು. ಎರಡೇ ವರ್ಷಗಳ ಅಂತರದಲ್ಲಿ ಕಟ್ಟಿದ ಈ ಎರಡು ಭಾಗಗಳನ್ನು ಹೋಲಿಸಿ ನೋಡಿದವನಿಗೆ, ಆರಡಿ ದಪ್ಪದ ಗೋಡೆಯನ್ನು ಮತ್ತೆ ಯಾರೂ ಏಕೆ ಎಬ್ಬಿಸಲಿಲ್ಲವೆಂಬುದನ್ನು ಬಿಡಿಸಿ ಹೇಳಬೇಕಾಗಿಲ್ಲ.

ನೆಲದ ವಿಚಾರದಲ್ಲಿ ಏನಾಯಿತು? ಕಟ್ಟಡವು 8 ಅಂಗುಲ ಇಳಿಯಬಹುದೆಂದು ಮೊದಲೇ ಲೆಕ್ಕ ಹಾಕಿ ಅದಕ್ಕೆ ಅವಕಾಶವಿಟ್ಟಿದ್ದರು. ಆದರೆ 1905ರ ವೇಳೆಗೇ ಆ ಎಲ್ಲೆಯನ್ನು ದಾಟಿ ಅದು ಇಳಿದಿತ್ತು; 1940ರ ದಶಕದ ಹೊತ್ತಿಗೆ ಕುಸಿತವು 20 ಅಂಗುಲದಷ್ಟಾಗಿತ್ತು. ಬೀದಿಯಿಂದ ಒಳಗೆ ಹೋಗಲು ಒಂದು ಮೆಟ್ಟಿಲು ಕೆಳಗಿಳಿಯಬೇಕಾಯಿತು.

ಲೆಕ್ಕ ತಪ್ಪಿದ್ದು ಎಲ್ಲಿ? ಮಣ್ಣು ಎಷ್ಟು ಭಾರಕ್ಕೆ ತಾಳುತ್ತದೆಂಬುದನ್ನು ಆ ಕಾಲದವರು ಬಲ್ಲವರಾಗಿದ್ದರು. ಎಷ್ಟು ಕಾಲ ಇಳಿಯುತ್ತದೆಂಬುದನ್ನು ಬಲ್ಲವರಾಗಿರಲಿಲ್ಲ. ಜೇಡಿಮಣ್ಣಿನ ಕಣಗಳ ನಡುವೆ ನೀರು ತುಂಬಿರುತ್ತದೆ. ಭಾರ ಬಿದ್ದಾಗ ಅದನ್ನು ಮೊದಲು ಹೊರುವುದು ಈ ನೀರು. ಕಣಗಳ ನಡುವಣ ಸಂದುಗಳು ಅತಿ ಸೂಕ್ಷ್ಮವಾದುದರಿಂದ ನೀರು ವರ್ಷಗಟ್ಟಲೆ ಮೆಲ್ಲಮೆಲ್ಲನೆ ಹೊರಕ್ಕೆ ಜಿನುಗುತ್ತದೆ. ಅದು ಹೊರಟಂತೆಲ್ಲ ಭಾರವು ಕಣಗಳ ಮೇಲೆ ಬಿದ್ದು ಮಣ್ಣು ಕುಗ್ಗುತ್ತದೆ. ಈ ಕ್ರಿಯೆಗೆ ಗಣಿತದ ರೂಪ ಕೊಟ್ಟವನು ಕಾರ್ಲ್ ಟೆರ್ಜಾಗಿ ಎಂಬ ಎಂಜಿನಿಯರು. ಮಣ್ಣಿನ ಯಂತ್ರಶಾಸ್ತ್ರಕ್ಕೆ ಬುನಾದಿ ಹಾಕಿದ ಅವನ ಗ್ರಂಥವು 1925ರಲ್ಲಿ ಹೊರಬಂದಿತು, ರೂಟನು ತೀರಿಕೊಂಡ ಮೂವತ್ತನಾಲ್ಕು ವರ್ಷಗಳ ಮೇಲೆ. ಅಷ್ಟರಲ್ಲಿ ಷಿಕಾಗೊ ನಗರದ ಶಿಲ್ಪಿಗಳು ಬೇರೊಂದು ದಾರಿ ಹಿಡಿದಿದ್ದರು. 1890ರ ದಶಕದಿಂದ ಅವರು ಬಾವಿಯಂತೆ ಆಳಕ್ಕೆ ತೋಡಿ, ಕಾಂಕ್ರೀಟು ತುಂಬಿ, ಗಟ್ಟಿ ನೆಲದವರೆಗೆ ಕಂಬಗಳನ್ನಿಳಿಸತೊಡಗಿದರು. 1940ರಲ್ಲಿ ಪಕ್ಕದ ಬೀದಿಯ ಅಡಿಯಲ್ಲಿ ರೈಲಿನ ಸುರಂಗ ಕೊರೆಯುವಾಗ ಮೊನಾಡ್‌ನಾಕ್ ಕಟ್ಟಡದ ಪೂರ್ವದ ಗೋಡೆಗೂ ಅಂತಹ ಕಂಬಗಳ ಆಸರೆ ಕೊಟ್ಟರು. ಷಿಕಾಗೊ ನಗರದ ಆ ಸುರಂಗಗಳ ಕಾರ್ಯದಲ್ಲಿ ಸಲಹೆಗಾರನಾಗಿದ್ದವನು ಟೆರ್ಜಾಗಿಯೇ.

ಇಷ್ಟು ಕುಸಿದರೂ ಕಟ್ಟಡವೇಕೆ ಬೀಳಲಿಲ್ಲ? ಅದು ಬಹುಮಟ್ಟಿಗೆ ಸಮನಾಗಿ ಇಳಿಯಿತು. ಎಷ್ಟು ಇಳಿಯುವುದೆಂಬ ಅಂದಾಜಿನಲ್ಲಿ ತಪ್ಪಿತ್ತು. ಹೇಗೆ ಇಳಿಯಬೇಕೆಂಬ ವಿಚಾರದಲ್ಲಿ ತಪ್ಪಿರಲಿಲ್ಲ. ತನ್ನ ತಿಳಿವಳಿಕೆಗೆ ಮೀರಿದ ಸಂಗತಿ ನೆಲದೊಳಗೆ ಇರಬಹುದೆಂದು ಒಪ್ಪಿಕೊಂಡು, ಕುಸಿತಕ್ಕೆ ಹೆದರಿ ಅದನ್ನು ಅಲ್ಲಗಳೆಯದೆ, ಅದಕ್ಕೊಂದು ಕ್ರಮವನ್ನು ಏರ್ಪಡಿಸಿದವನ ಕೆಲಸ ಅದು. ಅಂದಾಜು ತಪ್ಪಿದರೂ ಕಟ್ಟಡವನ್ನು ಉಳಿಸಿದ್ದು ಈ ವಿವೇಕವೇ.

ಮೊನಾಡ್‌ನಾಕ್ ಕಟ್ಟಡವು ಇಂದಿಗೂ ನಿಂತಿದೆ. ಅದರ ಕೋಣೆಗಳಲ್ಲಿ ಕಚೇರಿಗಳು ನಡೆಯುತ್ತಿವೆ. ಅದರ ಗೋಡೆಯು ಗಾಳಿಮಳೆಗಳನ್ನು ತಡೆಯುತ್ತದೆ; ಹದಿನಾರು ಅಂತಸ್ತುಗಳ ಭಾರವನ್ನೂ ಹೊರುತ್ತದೆ. ನಾವು ಮೊದಲು ಹೇಳಿದ ಎರಡು ಕೆಲಸಗಳನ್ನೂ ಅದು ನೂರಮೂವತ್ತು ವರ್ಷಗಳಿಗೂ ಮಿಕ್ಕಿ ಬಿಡದೆ ಮಾಡುತ್ತಿದೆ.